ಬಾಲನಟನಾಗಿದ್ದಾಗಿನ ಎಫ್‌ಡಿ ಬಿಡಿಸಿಕೊಂಡ ಕಥೆ

ನನ್ನ ಹೆಸರಲ್ಲಿದ್ದ ದುಡ್ಡು ನನ್ನ ಕೈಗೆ ಬರೋಕೆ ನಾಲ್ಕು ತಿಂಗಳು ಹಿಡಿಯಿತು. ಬ್ಯಾಂಕಿಗೆ ಒಂಬತ್ತು ಸಲ ಹೋಗಿದ್ದೇನೆ. ಮನೆಯಲ್ಲಿ ಒಂದು ದೊಡ್ಡ ಜಗಳ ಆಗಿದೆ. ಈಗ ಎಲ್ಲ ಮುಗಿದಿದೆ, ಅಂದರೆ ಮುಗಿದಿದೆ ಅಂದುಕೊಂಡಿದ್ದೇನೆ. ಚಿಕ್ಕವರಿದ್ದಾಗ ಸೀರಿಯಲ್ಲಲ್ಲಿ, ಜಾಹೀರಾತಲ್ಲಿ ಮಾಡಿ ಈಗ ಹದಿನೆಂಟು ತುಂಬಿಸಿಕೊಂಡು ಕೂತಿರುವವರು ಎಷ್ಟೋ ಜನ ಇರುತ್ತಾರೆ. ಅವರಿಗೋಸ್ಕರ ಬರೆಯುತ್ತಿದ್ದೇನೆ. ಈಗ ಮಕ್ಕಳನ್ನು ಶೂಟಿಂಗಿಗೆ ಕಳಿಸುತ್ತಿರುವ ಅಪ್ಪ ಅಮ್ಮಂದಿರೂ ಓದಿದರೆ ಇನ್ನೂ ಒಳ್ಳೆಯದು, ಯಾಕೆಂದರೆ ನನ್ನ ಅರ್ಧ ತಾಪತ್ರಯ ಶುರುವಾಗಿದ್ದು ಆಗ ಸರಿಯಾಗಿ ಇಟ್ಟುಕೊಳ್ಳದ ಕಾಗದಗಳಿಂದ.

ಮೊದಲು ನಾನು ಯಾರು ಅಂತ. 2017ರ ಆಗಸ್ಟಿನಿಂದ 2019ರ ಜುಲೈವರೆಗೆ ಒಂದು ಕನ್ನಡ ಕಾಮಿಡಿ ಸೀರಿಯಲ್ಲಿನಲ್ಲಿ ಮಾಡಿದ್ದೆ. ಮನೆಯ ತರಲೆ ಹುಡುಗ ಕಿಟ್ಟಿಯ ಪಾತ್ರ. ದೊಡ್ಡವರು ಸುಳ್ಳು ಹೇಳುತ್ತಿರುವಾಗ ಸರಿಯಾದ ಹೊತ್ತಿಗೆ ಬಂದು ನಿಜ ಹೇಳಿಬಿಡೋದು, ಆಮೇಲೆ ನಗುವಿನ ಸೌಂಡು. ಅಷ್ಟೇ ನನ್ನ ಕೆಲಸ. ಶುರುವಾದಾಗ ನನಗೆ ಹತ್ತೂವರೆ ವರ್ಷ. ಮುಗಿದಿದ್ದು ಹೇಗೆ ಅಂದರೆ, ಕಥೆಯನ್ನು ಹತ್ತು ವರ್ಷ ಮುಂದಕ್ಕೆ ಹಾರಿಸಿದರು. ಶುಕ್ರವಾರದ ಎಪಿಸೋಡಿನಲ್ಲಿ ನನಗೆ ಹನ್ನೆರಡು, ಸೋಮವಾರದ ಎಪಿಸೋಡಿನಲ್ಲಿ ಇಪ್ಪತ್ತೆರಡು, ಗಡ್ಡ ಬೇರೆ. ಗಡ್ಡದವರು ಬೇರೆ ನಟ. ನನಗೆ ವಿಷಯ ಗೊತ್ತಾಗಿದ್ದು ಹಿಂದಿನ ವಾರ, ಅದೂ ಮೇಕಪ್ ಅಣ್ಣನಿಂದ. ಆಮೇಲೂ ಸ್ಕೂಲಲ್ಲಿ ಎಲ್ಲರೂ ಕಿಟ್ಟಿ ಅಂತಲೇ ಕರೆಯುತ್ತಿದ್ದರು, ಪಿಟಿ ಮೇಷ್ಟ್ರು ಕೂಡ. ಆಮೇಲೆ ಕೊರೋನಾ ಬಂತು. ರಜೆ ಮುಗಿಸಿ ವಾಪಸ್ ಹೋದಾಗ ನನಗೆ ಮೀಸೆ ಚಿಗುರಿತ್ತು, ದನಿ ಒಡೆದಿತ್ತು, ಯಾರಿಗೂ ಗುರುತು ಸಿಗಲಿಲ್ಲ. ಖುಷಿಯಾಯಿತಾ ಬೇಜಾರಾಯಿತಾ ಅಂತ ಈಗಲೂ ಹೇಳೋಕಾಗಲ್ಲ.

ಈಗ ಕಾನೂನು. ಬೋರಿಂಗ್ ಅಂತ ಬಿಟ್ಟುಬಿಡಬೇಡಿ, ದುಡ್ಡು ಇರೋದೇ ಇಲ್ಲಿ. 1986ರ ಬಾಲಕಾರ್ಮಿಕ ಕಾಯ್ದೆಗೆ 2016ರಲ್ಲಿ ದೊಡ್ಡ ತಿದ್ದುಪಡಿ ಆಯಿತು. ಹದಿನಾಲ್ಕರ ಕೆಳಗಿನ ಮಕ್ಕಳಿಂದ ಕೆಲಸ ಮಾಡಿಸೋ ಹಾಗಿಲ್ಲ, ಆದರೆ ಸಿನಿಮಾ, ಸೀರಿಯಲ್, ಜಾಹೀರಾತಿನ ಮಕ್ಕಳಿಗೆ ಷರತ್ತಿನ ಮೇಲೆ ವಿನಾಯಿತಿ ಇದೆ. (ಸರ್ಕಸ್ಸಿಗೆ ಇಲ್ಲ.) ಆ ಷರತ್ತುಗಳು 2017ರ ಜೂನಿನಲ್ಲಿ ನಿಯಮಗಳಾಗಿ ಬಂದವು, ಅಂದರೆ ನಾನು ಕಿಟ್ಟಿ ಆಗುವ ಎರಡು ತಿಂಗಳು ಮೊದಲು. ದಿನಕ್ಕೆ ಐದು ಗಂಟೆಗಿಂತ ಜಾಸ್ತಿ ಕೆಲಸ ಇಲ್ಲ, ಬಿಡುವಿಲ್ಲದೆ ಮೂರು ಗಂಟೆಗಿಂತ ಜಾಸ್ತಿ ಇಲ್ಲ, ಸತತ 27 ದಿನಕ್ಕಿಂತ ಜಾಸ್ತಿ ಇಲ್ಲ, ಓದು ನಿಲ್ಲಬಾರದು, ಐದು ಮಕ್ಕಳಿಗೆ ಒಬ್ಬರಾದರೂ ಜವಾಬ್ದಾರಿ ಹೊತ್ತವರು ಸೆಟ್ಟಿನಲ್ಲಿ ಇರಬೇಕು. ಶೂಟಿಂಗ್ ನಡೆಯುವ ಜಿಲ್ಲೆಯ ಮ್ಯಾಜಿಸ್ಟ್ರೇಟರಿಂದ, ಅಂದರೆ ನಮ್ಮಲ್ಲಿ ಡಿಸಿಯಿಂದ, ನಿರ್ಮಾಪಕರು ಮೊದಲೇ ಅನುಮತಿ ತೆಗೆದುಕೊಳ್ಳಬೇಕು. ಅದಕ್ಕೆ ಫಾರಂ ಸಿ ಅಂತ ಒಂದು ಮುಚ್ಚಳಿಕೆ, ಆರು ತಿಂಗಳು ಮಾತ್ರ ಊರ್ಜಿತ. ಮತ್ತೆ ಮುಖ್ಯವಾದದ್ದು: ಮಗು ದುಡಿದಿದ್ದರಲ್ಲಿ ಕನಿಷ್ಠ ಶೇ. 20ರಷ್ಟನ್ನು ನಿರ್ಮಾಪಕರೇ ನೇರವಾಗಿ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಲ್ಲಿ ಎಫ್‌ಡಿ ಇಡಬೇಕು. ಹದಿನೆಂಟಾದ ಮೇಲೆ ಅದು ಮಗುವಿನದು.

ಐದು ಗಂಟೆ ಅಂತ ಬರೆದಿದ್ದು ನೋಡಿ ನಮ್ಮಮ್ಮ ಜೋರಾಗಿ ನಕ್ಕರು. ಬೆಳಿಗ್ಗೆ ಏಳಕ್ಕೆ ಮನೆ ಬಿಟ್ಟರೆ ವಾಪಸ್ ಬರುವಾಗ ರಾತ್ರಿ ಒಂಬತ್ತು. ಕ್ಯಾಮೆರಾ ಮುಂದೆ ಇರೋದು ಮಾತ್ರ ಕೆಲಸ, ಕಾಯೋದು ಕೆಲಸ ಅಲ್ಲ ಅನ್ನೋದು ಪ್ರೊಡಕ್ಷನ್ನಿನವರ ಲೆಕ್ಕ. ನಾನು ಅತಿ ಹೆಚ್ಚು ಮಾಡಿದ್ದೇ ಕಾಯೋದು. ನಿಯಮದ ವಿಷಯ ನನಗಾಗಲಿ ಅಮ್ಮನಿಗಾಗಲಿ ಆಗ ಗೊತ್ತೇ ಇರಲಿಲ್ಲ. ಅಪ್ಪನಿಗೆ ಸ್ವಲ್ಪ ಗೊತ್ತಿತ್ತು. ಅದು ಆಮೇಲೆ ಬರುತ್ತದೆ.

2025ರ ಜನವರಿಯಲ್ಲಿ ನನಗೆ ಹದಿನೆಂಟು ತುಂಬಿತು. ಪಿಯು ಪರೀಕ್ಷೆ, ಸಿಇಟಿ ಎಲ್ಲ ಮುಗಿದ ಮೇಲೆ ಮೇ ತಿಂಗಳಲ್ಲಿ ಕಾಲೇಜ್ ಫೀಸಿನ ಮಾತು ಬಂತು. ಆಗ ಅಪ್ಪ, "ನಿನ್ನ ಸೀರಿಯಲ್ ದುಡ್ಡು ಬ್ಯಾಂಕಲ್ಲಿದೆಯಲ್ಲೋ, ಅದನ್ನ ತೆಗಿಯೋಣ" ಅಂದರು. ಬೀರುವಿನಲ್ಲಿ ಹುಡುಕಿದರೆ ಸಿಕ್ಕಿದ್ದು ಒಂದೇ ಒಂದು ರಸೀದಿಯ ಜೆರಾಕ್ಸ್. 28,800 ರೂಪಾಯಿ, 2018ರ ಆಗಸ್ಟ್, ಐದು ವರ್ಷದ್ದು. ಒರಿಜಿನಲ್ ಎಲ್ಲಿ? ಪ್ರೊಡಕ್ಷನ್ ಮ್ಯಾನೇಜರ್ ಹತ್ತಿರ ಇತ್ತು. ಮ್ಯಾನೇಜರ್ ಎಲ್ಲಿ? ಅವರು ಆ ಫೀಲ್ಡೇ ಬಿಟ್ಟಿದ್ದಾರೆ. ಕಂಪನಿಗೆ ಫೋನ್ ಮಾಡಿದರೆ ಆ ನಂಬರ್ ಈಗ ಒಂದು ಕೇಟರಿಂಗಿನವರದು.

ಜೆರಾಕ್ಸಿನಲ್ಲಿದ್ದ ಬ್ರಾಂಚಿಗೆ ಹೋದೆ. ಅಲ್ಲಿ ಬ್ಯಾಂಕೇ ಇಲ್ಲ, ಮೊಬೈಲ್ ಅಂಗಡಿ ಇದೆ. 2020ರ ಏಪ್ರಿಲ್ 1ರಂದು ಹತ್ತು ಸರ್ಕಾರಿ ಬ್ಯಾಂಕುಗಳನ್ನು ಸೇರಿಸಿ ನಾಲ್ಕು ಮಾಡಿದರಲ್ಲ, ಅದಾದ ಮೇಲೆ ಅಕ್ಕಪಕ್ಕದ ಎಷ್ಟೋ ಬ್ರಾಂಚುಗಳನ್ನು ಒಂದಕ್ಕೊಂದು ಸೇರಿಸಿದ್ದಾರೆ. ನನ್ನ ಬ್ರಾಂಚ್ ಎರಡು ಕ್ರಾಸ್ ಆಚೆಗಿನ ಇನ್ನೊಂದರೊಳಗೆ ಸೇರಿಹೋಗಿತ್ತು. ಅಲ್ಲಿ ಹೋಗಿ ರಸೀದಿ ನಂಬರ್ ಕೊಟ್ಟರೆ ಕಂಪ್ಯೂಟರ್ ಗುರುತು ಹಿಡಿಯಲಿಲ್ಲ. ಹಳೆಯ ನಂಬರ್ರುಗಳೆಲ್ಲ ಬದಲಾಗಿವೆ. ಕೌಂಟರಿನ ಮೇಡಂ ನನ್ನ ಹೆಸರು ಹಾಕಿ ಹುಡುಕಿದರು, ಸಿಗಲಿಲ್ಲ. ಅಪ್ಪನ ಹೆಸರು ಹಾಕಿದರು, ಸಿಗಲಿಲ್ಲ. "ಕ್ಲೋಸ್ ಆಗಿರ್ಬೇಕು ನೋಡಿ" ಅಂದರು. ಮನೆಗೆ ಬಂದು ವಿಷಯ ಹೇಳಿ ಅಪ್ಪನ ಮುಖ ನೋಡಿದೆ. ಆ ಒಂದು ನೋಟಕ್ಕೆ ಆಮೇಲೆ ತುಂಬಾ ನಾಚಿಕೆಪಟ್ಟಿದ್ದೇನೆ, ಆದರೆ ನೋಡಿದ್ದು ನಿಜ.

ಇಲ್ಲೊಂದು ಮಾತು. ನಿಮ್ಮ ದುಡ್ಡು ಯಾವ ಬ್ಯಾಂಕಿನಲ್ಲಿದೆ ಅನ್ನೋದೇ ಗೊತ್ತಿಲ್ಲದಿದ್ದರೆ, ಮತ್ತು ಹತ್ತು ವರ್ಷ ಯಾರೂ ಮುಟ್ಟದೆ ಬಿಟ್ಟಿದ್ದರೆ, ರಿಸರ್ವ್ ಬ್ಯಾಂಕಿನ ಉದ್ಗಮ್ ಪೋರ್ಟಲ್ಲಿನಲ್ಲಿ ಹೆಸರು ಹಾಕಿ ಹುಡುಕಬಹುದು. ನನ್ನದಕ್ಕೆ ಹತ್ತು ವರ್ಷ ಆಗಿರಲಿಲ್ಲ, ಹಾಗಾಗಿ ಅದು ನನಗೆ ಉಪಯೋಗಕ್ಕೆ ಬರಲಿಲ್ಲ.

ಆ ರಾತ್ರಿ ನಿದ್ದೆ ಬರಲಿಲ್ಲ. ಫೋನಿನಲ್ಲಿ ಹಳೆಯ ಬಾಲನಟರ ಕಥೆಗಳನ್ನೇ ಓದುತ್ತಾ ಕೂತೆ. ಓದಬಾರದಿತ್ತು. ಅಮೆರಿಕದಲ್ಲಿ ಗ್ಯಾರಿ ಕೋಲ್ಮನ್ ಅಂತ ಒಬ್ಬರಿದ್ದರು. 1978ರಿಂದ 1986ರವರೆಗೆ ಒಂದು ಸಿಟ್‌ಕಾಮಿನಲ್ಲಿ ಆರ್ನಲ್ಡ್ ಅನ್ನೋ ಹುಡುಗನ ಪಾತ್ರ ಮಾಡಿ ಇಡೀ ದೇಶವನ್ನೇ ನಗಿಸಿದ್ದರು. ಕಿಡ್ನಿ ಕಾಯಿಲೆಯಿಂದ ಎತ್ತರ ಬೆಳೆಯಲೇ ಇಲ್ಲ. ದೊಡ್ಡವರಾದ ಮೇಲೆ 1989ರಲ್ಲಿ ಸಾಕು ತಂದೆತಾಯಿಯ ಮೇಲೆ, ಮ್ಯಾನೇಜರ್ ಮೇಲೆ ಕೇಸು ಹಾಕಿದರು. 1993ರಲ್ಲಿ ಸುಮಾರು 12.8 ಲಕ್ಷ ಡಾಲರ್ ಕೊಡಬೇಕು ಅಂತ ತೀರ್ಪು ಬಂತು. ಅಷ್ಟಾದರೂ 1999ರಲ್ಲಿ ದಿವಾಳಿ ಅರ್ಜಿ ಹಾಕಬೇಕಾಯಿತು. ನಡುವೆ ಒಂದಷ್ಟು ದಿನ ಸೆಕ್ಯುರಿಟಿ ಗಾರ್ಡ್ ಕೆಲಸವನ್ನೂ ಮಾಡಿದರು. 2010ರಲ್ಲಿ, 42ನೇ ವಯಸ್ಸಿಗೆ, ತೀರಿಹೋದರು. ಅದಕ್ಕೂ ಮುಂಚಿನ ಜಾಕಿ ಕೂಗನ್, ಚಾಪ್ಲಿನ್ ಜೊತೆ 1921ರ ಸಿನಿಮಾದಲ್ಲಿದ್ದ ಆ ಪುಟ್ಟ ಹುಡುಗ, ದುಡಿದ ಲಕ್ಷಾಂತರ ಡಾಲರನ್ನು ತಾಯಿ ಮತ್ತು ಮಲತಂದೆ ಖರ್ಚು ಮಾಡಿಬಿಟ್ಟಿದ್ದರು. ಆತ ಕೋರ್ಟಿಗೆ ಹೋದ ಗಲಾಟೆಯಿಂದಲೇ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಮಕ್ಕಳ ದುಡಿಮೆಯಲ್ಲಿ ಒಂದು ಪಾಲು ಎತ್ತಿಡುವ ಕಾನೂನು ಬಂತು. ಅಲ್ಲಿ ಈಗ ಶೇ. 15, ನಮ್ಮಲ್ಲಿ 20.

ರಾತ್ರಿ ಎರಡು ಗಂಟೆಗೆ ಇದನ್ನೆಲ್ಲ ಓದಿದರೆ ಬೆಳಿಗ್ಗೆ ಅಪ್ಪ ಕಾಫಿ ಕೊಡೋಕೆ ಬಂದಾಗ ಸರಿಯಾಗಿ ಮಾತಾಡೋಕಾಗಲ್ಲ. ಲಕ್ಷಾಂತರ ಡಾಲರಿನ ಕಥೆ ಓದಿಕೊಂಡು 28,800 ರೂಪಾಯಿಯ ರಸೀದಿ ಹಿಡಿದವನು ಅನುಮಾನ ಪಡೋದು ತಮಾಷೆ ಅಂತ ಈಗ ಅನ್ನಿಸುತ್ತದೆ.

ಮೂಲ ಕಾಗದ ಬೇಕಿತ್ತು. ನನ್ನ ಫ್ರೆಂಡಿನ ಅಕ್ಕ ಲಾ ಓದಿದ್ದಾರೆ. "ಡಿಸಿ ಆಫೀಸಲ್ಲಿ ಫಾರಂ ಸಿ ಫೈಲ್ ಇರುತ್ತೆ ಕಣೋ, ಆರ್‌ಟಿಐ ಹಾಕು" ಅಂತ ಅವರೇ ಹೇಳಿಕೊಟ್ಟಿದ್ದು. ಜೂನ್ 2ಕ್ಕೆ ಅರ್ಜಿ ಹಾಕಿದೆ. ಕರ್ನಾಟಕದಲ್ಲಿ ಶುಲ್ಕ 10 ರೂಪಾಯಿ, ಪೋಸ್ಟಲ್ ಆರ್ಡರ್ ಸಾಕು. ಗಮನಿಸಿ, ನಮ್ಮ ರಾಜ್ಯದ ನಿಯಮದ ಪ್ರಕಾರ ಒಂದು ಅರ್ಜಿಯಲ್ಲಿ ಒಂದೇ ವಿಷಯ ಇರಬೇಕು, 150 ಪದ ಮೀರಬಾರದು. ನನ್ನ ಮೊದಲ ಡ್ರಾಫ್ಟ್ ಮೂರು ಪುಟ ಇತ್ತು, ಅದರಲ್ಲಿ ಗ್ಯಾರಿ ಕೋಲ್ಮನ್ ಕೂಡ ಇದ್ದರು. ಅಕ್ಕ ಎಲ್ಲ ಹೊಡೆದುಹಾಕಿ ನಾಲ್ಕು ಸಾಲು ಮಾಡಿದರು: ಸೀರಿಯಲ್ ಹೆಸರು, ನಿರ್ಮಾಣ ಸಂಸ್ಥೆ, ಯಾವ ತಿಂಗಳಿಂದ ಯಾವ ತಿಂಗಳವರೆಗೆ, ನನ್ನ ಹೆಸರಿರುವ ಫಾರಂ ಸಿ ಮತ್ತು ಲಗತ್ತುಗಳ ಪ್ರತಿ ಕೊಡಿ.

ತಪ್ಪು ಮಾಡಿದ್ದು ನಾನೇ. ಮನೆ ಬೆಂಗಳೂರಲ್ಲಿದೆ ಅಂತ ನಗರ ಜಿಲ್ಲೆಗೆ ಹಾಕಿದೆ. ಆದರೆ ಅನುಮತಿ ಸಿಗೋದು ಶೂಟಿಂಗ್ ನಡೆಯುವ ಜಿಲ್ಲೆಯಲ್ಲಿ. ನಮ್ಮ ಶೂಟಿಂಗ್ ಮನೆ ಇದ್ದಿದ್ದು ನೆಲಮಂಗಲದ ಕಡೆ, ಅದು ಆಗ ಬೆಂಗಳೂರು ಗ್ರಾಮಾಂತರ ಜಿಲ್ಲೆ. ಪುಣ್ಯಕ್ಕೆ ತಪ್ಪು ಕಚೇರಿಗೆ ಹೋದ ಅರ್ಜಿಯನ್ನು ಸರಿಯಾದ ಕಡೆಗೆ ಐದು ದಿನದೊಳಗೆ ವರ್ಗಾಯಿಸಬೇಕು ಅಂತ ಆರ್‌ಟಿಐ ಕಾಯ್ದೆಯಲ್ಲೇ ಇದೆ, ಹಾಗೇ ಕಳಿಸಿದರು. ಜುಲೈ ಮೊದಲ ವಾರ ಉತ್ತರ ಬಂತು, ಹದಿನಾಲ್ಕು ಪುಟ, ಪುಟಕ್ಕೆ 2 ರೂಪಾಯಿಯಂತೆ 28 ರೂಪಾಯಿ ಕಟ್ಟಿ ತೆಗೆದುಕೊಂಡೆ.

ಬಸ್ಸಿನಲ್ಲೇ ಕವರ್ ಒಡೆದೆ. ಮೊದಲ ಪುಟದಲ್ಲಿ ನನ್ನ ಫೋಟೋ, ಮುಂದಿನ ಒಂದು ಹಲ್ಲಿಲ್ಲ. ಅಮ್ಮನ ಸಹಿ, ಅಪ್ಪನ ಸಹಿ. ಅಮ್ಮ ಬಲಗಡೆ ವಾಲಿಸಿ ಬರೆಯುವ ಆ ಸಹಿ ನೋಡಿ ಯಾಕೋ ಗಂಟಲು ಕಟ್ಟಿತು. ಎರಡು ಅನುಮತಿಗಳಿದ್ದವು, ಆರಾರು ತಿಂಗಳದ್ದು. ಎರಡನೆಯದಕ್ಕೆ ಮೊದಲ ಆರು ತಿಂಗಳ ಠೇವಣಿ ರಸೀದಿಯ ಪ್ರತಿ ಲಗತ್ತಿಸಿದ್ದರು: 24,000 ರೂಪಾಯಿ, 2018ರ ಫೆಬ್ರವರಿ. ಅಂದರೆ ಎಫ್‌ಡಿ ಒಂದಲ್ಲ, ಎರಡು ಇತ್ತು. ಮತ್ತು ರಸೀದಿಯಲ್ಲಿ ಹೆಸರಿನ ಮೊದಲ ಪದ "ಮಾಸ್ಟರ್".

ಟೈಟಲ್ ಕಾರ್ಡಿನಲ್ಲಿ ಮಾಸ್ಟರ್ ಇಂಥವನು ಅಂತ ಹಾಕುತ್ತಾರಲ್ಲ, ಪ್ರೊಡಕ್ಷನ್ನಿನವರು ಬ್ಯಾಂಕ್ ಫಾರಂನಲ್ಲೂ ಹಾಗೇ ಬರೆದಿದ್ದಾರೆ. ಬ್ಯಾಂಕಿನವರು ಅದನ್ನೇ ನನ್ನ ಹೆಸರು ಅಂತ ಟೈಪ್ ಮಾಡಿದ್ದಾರೆ. ಏಳು ವರ್ಷ ನನ್ನ ಹೆಸರು ಬ್ಯಾಂಕಿನ ಲೆಕ್ಕದಲ್ಲಿ ಮಾಸ್ಟರ್, ಅಡ್ಡಹೆಸರು ನನ್ನ ನಿಜವಾದ ಹೆಸರು. ಮೇಡಂ ಮಾಸ್ಟರ್ ಅಂತ ಹಾಕಿ ಹುಡುಕಿದ ತಕ್ಷಣ ಎರಡೂ ಎಫ್‌ಡಿ ಬಂದುಬಿಟ್ಟವು. ಅವರೂ ನಕ್ಕರು, ನಾನೂ ನಕ್ಕೆ. "ಅಯ್ಯೋ ನೀವು ಆ ಕಿಟ್ಟಿನಾ?" ಅಂತ ಪಕ್ಕದ ಕೌಂಟರಿನವರನ್ನೂ ಕರೆದು ತೋರಿಸಿದರು. ಅಷ್ಟು ಹೊತ್ತಿಗೆ ಎಲ್ಲ ಮುಗಿದೇ ಹೋಯಿತು ಅಂದುಕೊಂಡೆ. ಅಲ್ಲಿಂದ ಇನ್ನೂ ಎಂಟು ವಾರ ಹಿಡಿಯಿತು.

ಹೇಳ್ತೀನಿ ಕೇಳಿ. ಮೈನರ್ ಹೆಸರಲ್ಲಿದ್ದ ಖಾತೆ ಹದಿನೆಂಟಾದ ಮೇಲೆ ತಾನಾಗೇ ಮೇಜರ್ ಆಗಲ್ಲ. ಗಾರ್ಡಿಯನ್ ಸಹಿ ಅಷ್ಟಕ್ಕೇ ನಿಲ್ಲುತ್ತದೆ, ನಿಮ್ಮ ಸಹಿ ಇನ್ನೂ ಶುರುವಾಗಿರಲ್ಲ. ನಡುವೆ ಖಾತೆ ಸುಮ್ನೆ ಕೂತಿರುತ್ತದೆ. ಹೊಸದಾಗಿ ಕೆವೈಸಿ ಮಾಡಿಸಬೇಕು: ಆಧಾರ್, ಪ್ಯಾನ್, ಎರಡು ಫೋಟೋ, ಸಹಿಯ ಮಾದರಿ. ಆ ಸಹಿ ನಿಮ್ಮದೇ ಅಂತ ಗಾರ್ಡಿಯನ್ ದೃಢೀಕರಿಸಬೇಕು ಅಂದರು, ಅದಕ್ಕೆ ಅಪ್ಪನೂ ರಜೆ ಹಾಕಿ ಬರಬೇಕಾಯಿತು. ಅವರು ಸ್ಟೋರ್ ಕೀಪರ್, ತಿಂಗಳ ಕೊನೆಯಲ್ಲಿ ರಜೆ ಸಿಗಲ್ಲ, ಹಾಗಾಗಿ ಒಂದು ವಾರ ಅಲ್ಲೇ ಹೋಯಿತು. ನಿಮ್ಮವರನ್ನು ಮೊದಲ ಸಲವೇ ಜೊತೆಗೆ ಕರೆದುಕೊಂಡು ಹೋಗಿ.

ಆಧಾರಿನಲ್ಲಿ ನನ್ನ ಬೆರಳು ಹೊಂದಲಿಲ್ಲ. ಏಳು ವರ್ಷದವನಿದ್ದಾಗ ಕೊಟ್ಟ ಬೆರಳಚ್ಚು ಅದು. ಹದಿನೈದಕ್ಕೆ ಬಯೋಮೆಟ್ರಿಕ್ ಮತ್ತೆ ಕೊಡಬೇಕು, ಹದಿನೇಳರೊಳಗೆ ಕೊಟ್ಟರೆ ಉಚಿತ. ನನಗೆ ಹದಿನೈದಾಗಿದ್ದು 2022ರ ಜನವರಿಯಲ್ಲಿ, ಕೊರೋನಾ ಮೂರನೇ ಅಲೆ, ವಾರಾಂತ್ಯದ ಕರ್ಫ್ಯೂ ಇದ್ದ ದಿನಗಳು. ಆಮೇಲೆ ಎಸ್ಸೆಸ್ಸೆಲ್ಸಿ ಗಡಿಬಿಡಿ, ಮರೆತೇಹೋಯಿತು. ಬೆಳಿಗ್ಗೆ ಆರೂವರೆಗೆ ಟೋಕನ್ನಿಗೆ ನಿಂತು 100 ರೂಪಾಯಿ ಕೊಟ್ಟು ಮಾಡಿಸಿದೆ, ಹನ್ನೆರಡು ದಿನಕ್ಕೆ ಅಪ್‌ಡೇಟ್ ಆಯಿತು. 2025ರ ಅಕ್ಟೋಬರಿನಿಂದ ದರವನ್ನು 125ಕ್ಕೆ ಏರಿಸಿದರು.

ಪ್ಯಾನ್ ಇನ್ನೊಂದು ಕಥೆ. ಮೈನರ್ ಪ್ಯಾನಿನಲ್ಲಿ ಫೋಟೋ ಇರಲ್ಲ, ಸಹಿ ಇರಲ್ಲ, ಬ್ಯಾಂಕಿನವರಿಗೆ ಅದು ಆಗಲ್ಲ. ತಿದ್ದುಪಡಿ ಅರ್ಜಿ ಹಾಕಿ ಹೊಸ ಕಾರ್ಡ್ ತರಿಸಬೇಕು, ನಾನು ಕೊಟ್ಟಿದ್ದು 107 ರೂಪಾಯಿ, ನಂಬರ್ ಅದೇ ಇರುತ್ತದೆ. ಹೊಸ ನಂಬರಿಗೆ ಮಾತ್ರ ಅರ್ಜಿ ಹಾಕಬೇಡಿ, ಒಬ್ಬರಿಗೆ ಎರಡು ಪ್ಯಾನ್ ಇರೋ ಹಾಗಿಲ್ಲ. ಇಲ್ಲಿ ನಮ್ಮ ಕಡೆಯವರ ಹಳೇ ಗೋಳು ಬಂತು: ಇನಿಷಿಯಲ್. ಮಾರ್ಕ್ಸ್ ಕಾರ್ಡಿನಲ್ಲಿ, ಆಧಾರಿನಲ್ಲಿ ಹೆಸರಿನ ಮುಂದೆ ಒಂದೇ ಅಕ್ಷರ. ಪ್ಯಾನಿನಲ್ಲಿ ಇನಿಷಿಯಲ್ ಬಿಡಿಸಿ ಅಪ್ಪನ ಪೂರ್ತಿ ಹೆಸರು ಹಾಕಿದ್ದಾರೆ. ಎಫ್‌ಡಿಯಲ್ಲಿ ಮಾಸ್ಟರ್. ಮೂರು ಕಾಗದ, ಮೂರು ಜನ. ಬ್ಯಾಂಕಿನ ಅಧಿಕಾರಿ ಮೂರನ್ನೂ ಮೇಜಿನ ಮೇಲೆ ಸಾಲಾಗಿ ಇಟ್ಟುಕೊಂಡು, "ಇದರಲ್ಲಿ ನೀವು ಯಾರು?" ಅಂತ ಕೇಳಿದರು. ತಮಾಷೆಗೆ ಕೇಳಿದ್ದಲ್ಲ, ಪಾಪ, ಅವರಿಗೆ ಆಡಿಟ್ ಭಯ.

ಮೂರೂ ಒಬ್ಬನೇ ಅಂತ ಅಫಿಡವಿಟ್ ಮಾಡಿಸಿದೆ. 100 ರೂಪಾಯಿ ಇ-ಸ್ಟಾಂಪ್, ಟೈಪಿಂಗಿಗೆ 50, ನೋಟರಿಗೆ 150. ಒಂದು ಉಪಾಯ ಹೇಳುತ್ತೇನೆ: ಅಫಿಡವಿಟ್ಟಿನ ಒಕ್ಕಣೆಯನ್ನು ಮೊದಲು ಬ್ಯಾಂಕಿಗೆ ತೋರಿಸಿ, ಆಮೇಲೆ ಸ್ಟಾಂಪ್ ಪೇಪರ್ ಮೇಲೆ ಹಾಕಿಸಿ. ನನ್ನದು ಮೊದಲ ಸಲ "ಮಾಸ್ಟರ್" ಅನ್ನೋ ಪದವನ್ನೇ ಟೈಪಿಸ್ಟ್ ತಪ್ಪು ಅಂತ ತಿದ್ದಿ ತೆಗೆದುಬಿಟ್ಟಿದ್ದರು. ಇನ್ನೊಂದು 300.

ಇಷ್ಟರ ನಡುವೆ ಕಾಲೇಜ್ ಫೀಸಿನ ಕೊನೆ ದಿನ ಬಂದು ಹೋಯಿತು. ಅಪ್ಪ ಚಿಕ್ಕಪ್ಪನ ಹತ್ತಿರ ಕೈಗಡ ತಂದು ಕಟ್ಟಿದರು.

ಜಗಳ ಆಗಿದ್ದು ಅದೇ ವಾರ. ನಾನು ಲೆಕ್ಕ ಹಾಕಿದ್ದೆ. ಮೊದಲ ವರ್ಷ ದಿನಕ್ಕೆ 2,000, ಎರಡನೇ ವರ್ಷ 2,500. ಅಮ್ಮ ಹಳೆಯ ಕ್ಯಾಲೆಂಡರುಗಳಲ್ಲಿ ಶೂಟಿಂಗ್ ದಿನಗಳಿಗೆ ಸುತ್ತು ಹಾಕಿ ಇಟ್ಟಿದ್ದರು, ಎಣಿಸಿದರೆ ವರ್ಷಕ್ಕೆ 132 ದಿನ. ಒಟ್ಟು 5,94,000. ಅದರ ಶೇ. 20 ಅಂದರೆ 1,18,800. ಬ್ಯಾಂಕಿನಲ್ಲಿ ಇಟ್ಟಿದ್ದು 52,800, ಅದು ಮೊದಲ ವರ್ಷದ ಪಾಲು, ಸರಿಯಾಗಿದೆ. ಎರಡನೇ ವರ್ಷದ 66,000 ಎಲ್ಲಿ? ಡಿಸಿ ಕಚೇರಿ ಫೈಲಿನಲ್ಲೂ ಎರಡನೇ ವರ್ಷದ ಅನುಮತಿ ಇಲ್ಲ. ಅಂದರೆ ಎರಡನೇ ವರ್ಷ ಪೂರ್ತಿ ನಾನು ಕಾಗದದ ಮೇಲೆ ಕೆಲಸವನ್ನೇ ಮಾಡಿಲ್ಲ.

ಊಟಕ್ಕೆ ಕೂತಾಗ ಕೇಳಿದೆ. ಕೇಳಿದ ರೀತಿ ಚೆನ್ನಾಗಿರಲಿಲ್ಲ. ಅಪ್ಪ ಅನ್ನ ಕಲಸುತ್ತಿದ್ದ ಕೈ ಹಾಗೇ ಇಟ್ಟುಕೊಂಡು ಹೇಳಿದರು, "ಅವ್ರು ಪರ್ಮಿಶನ್ನು, ಎಫ್‌ಡಿ ಎಲ್ಲ ತಲೆನೋವು, ಪೂರ್ತಿ ದುಡ್ಡು ನಿಮಗೇ ಕೊಟ್ಬಿಡ್ತೀವಿ, ನೀವೇ ಇಟ್ಕೊಳ್ಳಿ ಅಂದ್ರು. ನಾನೂ ಹೂಂ ಅಂದೆ. ಭೋಗ್ಯಕ್ಕೆ ಕಡಿಮೆ ಬಿದ್ದಿತ್ತು ಕಣೋ."

ನಾವಿರುವ ಈ ಮನೆ 2019ರಲ್ಲಿ ಭೋಗ್ಯಕ್ಕೆ ತೆಗೆದುಕೊಂಡಿದ್ದು. ಆರು ಲಕ್ಷ. ಅದರಲ್ಲಿ ನನ್ನದು ಎಷ್ಟು, ಅವರ ಪಿಎಫ್ ಎಷ್ಟು, ಅಜ್ಜಿ ಕೊಟ್ಟಿದ್ದೆಷ್ಟು ಅಂತ ಅವರು ಒಂದು ಡೈರಿಯಲ್ಲಿ ಬರೆದಿಟ್ಟಿದ್ದಾರೆ, ತೆಗೆದು ತೋರಿಸಿದರು. ದಿನದ ಬಾಟಾ, ಅಂದರೆ ಭತ್ಯೆ, ಎಷ್ಟು ಬಂತು, ಅಮ್ಮನಿಗೂ ನನಗೂ ಬಸ್ಸಿಗೆ ಎಷ್ಟಾಯಿತು ಅಂತ ಕೂಡ ಇತ್ತು. ಅಮ್ಮ ಮಾತ್ರ ಸುಮ್ಮನಿರಲಿಲ್ಲ. "ನಾನು ಎರಡು ವರ್ಷ ಆ ಸೆಟ್ಟಲ್ಲಿ ಪ್ಲಾಸ್ಟಿಕ್ ಕುರ್ಚಿ ಮೇಲೆ ಕೂತಿದ್ದಕ್ಕೆ ಯಾವ ಎಫ್‌ಡಿ ಇಟ್ಟಿದ್ದಾರೆ?" ಅಂತ ನನ್ನನ್ನೇ ಕೇಳಿದರು. ನನ್ನ ಹತ್ತಿರ ಉತ್ತರ ಇರಲಿಲ್ಲ. ನನಗೆ ಹೇಳದೆ ಒಪ್ಪಿಕೊಂಡಿದ್ದು ತಪ್ಪು ಅಂತ ಈಗಲೂ ಅನ್ನಿಸುತ್ತದೆ. ಹನ್ನೆರಡು ವರ್ಷದವನಿಗೆ ಹೇಳಿದ್ದರೆ ನಾನು ಏನು ಅನ್ನುತ್ತಿದ್ದೆ ಅನ್ನೋದೂ ಗೊತ್ತು: ಕ್ರಿಕೆಟ್ ಬ್ಯಾಟ್ ಕೊಡಿಸಿ ಅಂತಿದ್ದೆ.

ಈಗ ಮಕ್ಕಳನ್ನು ಕಳಿಸುತ್ತಿರುವವರು ಇದನ್ನು ಮಾತ್ರ ಗಟ್ಟಿಯಾಗಿ ಹಿಡಿದುಕೊಳ್ಳಿ. ಆ ಶೇ. 20 ಇಡಬೇಕಾದವರು ನಿರ್ಮಾಪಕರು, ನೇರವಾಗಿ ಬ್ಯಾಂಕಿಗೆ. ಪೂರ್ತಿ ನಿಮಗೇ ಕೊಡುತ್ತೇವೆ ಅಂದರೆ ಒಪ್ಪಬೇಡಿ. ಒರಿಜಿನಲ್ ರಸೀದಿ ಕೇಳಿ ಈಸಿಕೊಳ್ಳಿ, ಆರು ತಿಂಗಳಿಗೊಮ್ಮೆ ಹೊಸ ಫಾರಂ ಸಿ ಆಯಿತಾ ಅಂತ ಕೇಳಿ, ಹೆಸರು ಮಗುವಿನ ಆಧಾರಿನಲ್ಲಿ ಇದ್ದ ಹಾಗೇ ಇದೆಯಾ ನೋಡಿ. ಕೇಳಿದರೆ ಮುಂದಿನ ಚಾನ್ಸ್ ಸಿಗಲ್ಲ ಅನ್ನೋ ಭಯ ಇರುತ್ತದೆ, ನಮ್ಮಪ್ಪನಿಗೂ ಇತ್ತು. ನಮಗೆ ಕೇಳದೆಯೂ ಸಿಗಲಿಲ್ಲ.

ಇದಕ್ಕಿಂತ ಹೊಟ್ಟೆ ಉರಿದಿದ್ದು ಟಿಡಿಎಸ್, ಅಂದರೆ ದುಡ್ಡು ಕೊಡುವಾಗಲೇ ಹಿಡಿದುಕೊಳ್ಳುವ ತೆರಿಗೆಯ ವಿಷಯಕ್ಕೆ. ಪ್ಯಾನ್ ಸರಿಯಾದ ಮೇಲೆ ಆದಾಯ ತೆರಿಗೆ ಪೋರ್ಟಲ್ಲಿನಲ್ಲಿ ಲಾಗಿನ್ ಮಾಡಿಕೊಂಡು ಸುಮ್ನೆ ಕುತೂಹಲಕ್ಕೆ ಹಳೆಯ ವರ್ಷಗಳ 26ಎಎಸ್, ಅಂದರೆ ನನ್ನ ಪ್ಯಾನಿಗೆ ಕಟ್ಟಿದ ತೆರಿಗೆಯ ಪಟ್ಟಿ, ತೆಗೆದೆ. ಪ್ರತಿ ಪೇಮೆಂಟಿನಲ್ಲೂ ಶೇ. 10 ಹಿಡಿದಿದ್ದಾರೆ, ನನ್ನ ಪ್ಯಾನಿಗೇ ಕಟ್ಟಿದ್ದಾರೆ. ಒಟ್ಟು 59,400. ಮಕ್ಕಳ ಆದಾಯವನ್ನು ಸಾಮಾನ್ಯವಾಗಿ ತಂದೆ ಅಥವಾ ತಾಯಿಯ ಆದಾಯಕ್ಕೆ ಸೇರಿಸುತ್ತಾರೆ, ಆದರೆ ಮಗು ತನ್ನ ಪ್ರತಿಭೆಯಿಂದ ದುಡಿದದ್ದನ್ನು ಸೇರಿಸಲ್ಲ, ಅದು ಮಗುವಿನದೇ ಲೆಕ್ಕ. ನನ್ನ ಆದಾಯ ಅಷ್ಟು ಕಡಿಮೆ ಇದ್ದದ್ದರಿಂದ, ಆಗ ನನ್ನ ಪರವಾಗಿ ಅಪ್ಪ ರಿಟರ್ನ್ ಹಾಕಿದ್ದರೆ ಹೆಚ್ಚುಕಡಿಮೆ ಪೂರ್ತಿ ವಾಪಸ್ ಬರುತ್ತಿತ್ತು. ಗಡುವು ಎಂದೋ ಮುಗಿದಿದೆ. ಅಂದರೆ ಬ್ಯಾಂಕಿನಲ್ಲಿ ಇಟ್ಟ ಅಸಲಿಗಿಂತ ಜಾಸ್ತಿ ದುಡ್ಡು ರಿಟರ್ನ್ ಹಾಕದೆ ಹೋಯಿತು. ಇದರಲ್ಲಿ ಬೈಯೋಕೂ ಯಾರೂ ಇಲ್ಲ. ಹತ್ತು ವರ್ಷದ ಹುಡುಗನಿಗೆ ಐಟಿ ರಿಟರ್ನ್ ಹಾಕಬೇಕು ಅಂತ ನಮ್ಮ ಬೀದಿಯಲ್ಲಿ ಯಾರಿಗೆ ಹೊಳೆಯುತ್ತಿತ್ತು? ನಿಮ್ಮ ಮಗುವಿಗೆ ಟಿಡಿಎಸ್ ಹಿಡಿಯುತ್ತಿದ್ದರೆ ಆಯಾ ವರ್ಷವೇ ಹಾಕಿಸಿ, ಮುಂದೂಡಬೇಡಿ.

ಸೆಪ್ಟೆಂಬರ್ ಮೊದಲ ವಾರ ಕೊನೆಯ ಸಹಿ ಆಯಿತು. ಇನ್ನೊಂದು ಸಣ್ಣ ಪೆಟ್ಟು ಬಾಕಿ ಇತ್ತು. ಐದು ವರ್ಷಕ್ಕೆ ಇಟ್ಟ ಎಫ್‌ಡಿಗಳು 2023ರಲ್ಲಿ ಮುಗಿದು, ತಾವಾಗೇ ಮತ್ತೆ ಐದು ವರ್ಷಕ್ಕೆ ರಿನ್ಯೂ ಆಗಿದ್ದವು. ಹಾಗಾಗಿ ಈಗ ತೆಗೆದರೆ ಅವಧಿಗೆ ಮುಂಚೆ ಮುರಿದ ಹಾಗೆ, ಬಡ್ಡಿಯಲ್ಲಿ ಕಡಿತ. ಮಗುವಿಗೆ ಹದಿನೆಂಟಾಗುವ ತಿಂಗಳಿಗೆ ಹೊಂದುವ ಹಾಗೆ ಅವಧಿ ಹಾಕಿಸಿದ್ದರೆ ಇದು ಇರುತ್ತಿರಲಿಲ್ಲ. ದುಡ್ಡನ್ನು ಕೈಗೆ ಕೊಡಲ್ಲ, ಅದೇ ಬ್ಯಾಂಕಿನಲ್ಲಿ ನನ್ನ ಹೆಸರಿನ ಉಳಿತಾಯ ಖಾತೆ ತೆರೆದು ಅಲ್ಲಿಗೆ ಹಾಕಿದರು.

ಕೊನೆಗೆ ಬಂದಿದ್ದು 83 ಸಾವಿರ ಚಿಲ್ಲರೆ. ಮೆಸೇಜ್ ಬಂದಾಗ ನಾನು ಕಾಲೇಜಿನ ಕ್ಯಾಂಟೀನಿನಲ್ಲಿದ್ದೆ. ಕಾಗದಪತ್ರಕ್ಕೆ ಆದ ಖರ್ಚು 845 ರೂಪಾಯಿ, ಬಸ್ ಚಾರ್ಜ್ ಬಿಟ್ಟು. ಅಂಥಾ ಸಂಭ್ರಮ ಏನೂ ಆಗಲಿಲ್ಲ. ಒಂದು ಪಫ್ಸ್ ಜಾಸ್ತಿ ತಿಂದೆ. ಆದರೆ ಸಂಜೆ ಬಸ್ಸಿನಲ್ಲಿ ಬರುವಾಗ, ನೆಲಮಂಗಲದ ಆ ಮನೆಯ ಹಿತ್ತಲಲ್ಲಿ ಶಾಟಿಗೆ ಕಾಯುತ್ತಾ ಅಮ್ಮನ ಜೊತೆ ಚೌಕಾಬಾರ ಆಡಿದ್ದು ನೆನಪಾಯಿತು. ಕವಡೆ ಇರಲಿಲ್ಲ, ಹುಣಸೆ ಬೀಜ ಸೀಳಿ ಮಾಡಿದ್ದು. ಆ ಎರಡು ವರ್ಷದಲ್ಲಿ ನನಗೆ ಚೆನ್ನಾಗಿ ನೆನಪಿರೋದು ಅದೇ, ಡೈಲಾಗ್ ಒಂದೂ ನೆನಪಿಲ್ಲ.

ಚಿಕ್ಕಪ್ಪನ ಕೈಗಡ ತೀರಿಸಿದೆ. ಭೋಗ್ಯದ 66,000 ಬಗ್ಗೆ ಅಪ್ಪನೇ ಮಾತು ತೆಗೆದರು, ಮನೆ ಬಿಡುವಾಗ ಲೆಕ್ಕ ಮಾಡೋಣ ಅಂದರು. ಡೈರಿಯಲ್ಲಿ ನನ್ನ ಕೈಯಲ್ಲೇ ಬರೆಸಿದರು, ತಾರೀಖು ಹಾಕಿ. ಅಮ್ಮ ಅದರ ಕೆಳಗೆ ತನ್ನ ಹೆಸರಲ್ಲೂ ಒಂದು ಮೊತ್ತ ಬರೆದಿದ್ದಾರೆ, ಎಷ್ಟು ಅಂತ ಹೇಳಲ್ಲ, ನಾವಿಬ್ಬರೂ ಕಮಕ್ ಕಿಮಕ್ ಅಂದಿಲ್ಲ.

ನಿನ್ನೆ ಹೊಸ ಖಾತೆಯ ಎಟಿಎಂ ಕಾರ್ಡ್ ಪೋಸ್ಟಿನಲ್ಲಿ ಬಂತು. ಕವರ್ ಒಡೆದು ನೋಡಿದರೆ ಕಾರ್ಡಿನ ಮೇಲೆ ಉಬ್ಬಕ್ಷರದಲ್ಲಿ ನನ್ನ ಹೆಸರು, ಅದಕ್ಕೂ ಮೊದಲು ಮಾಸ್ಟರ್. ಅಫಿಡವಿಟ್ಟಿನ ಇನ್ನೊಂದು ಪ್ರತಿ ಇದೆ, ಸೋಮವಾರ ಹೋಗ್ತೀನಿ.